ಬಾಲ್ಟಿಕ್ ಭಾಷೆಗಳು: ಜ್ಞಾತಿತ್ವವೂ ನೆರೆತನವೂ

೧

ತೌಲನಿಕ ಭಾಷಾಶಾಸ್ತ್ರವನ್ನು ಕುರಿತ ಯಾವ ಗ್ರಂಥವನ್ನು ತೆರೆದರೂ ಲಿಥುವೇನಿಯನ್ ಭಾಷೆಯ ಹೆಸರು ಒಮ್ಮೆಯಾದರೂ ಕಣ್ಣಿಗೆ ಬೀಳದಿರದು. ಸಂಸ್ಕೃತದ 'ಸೂನು' ಎಂಬುದಕ್ಕೆ ಅಲ್ಲಿ 'ಸೂನುಸ್', 'ಅವಿ' ಎಂಬುದಕ್ಕೆ 'ಅವಿಸ್', 'ಧೂಮ'ಕ್ಕೆ 'ದೂಮಸ್', 'ಅಗ್ನಿ'ಗೆ 'ಉಗ್ನಿಸ್', 'ದೇವ'ಕ್ಕೆ 'ದಿಯೆವಸ್'. ಈ ಪಟ್ಟಿಯನ್ನು ಮೊದಲ ಸಲ ನೋಡುವ ವಿದ್ಯಾರ್ಥಿಗೆ ಆಶ್ಚರ್ಯವಾಗುವುದು ಸಹಜ. ಆದರೆ ಆ ಆಶ್ಚರ್ಯದ ಬೆನ್ನಿಗೇ ಒಂದು ಅವಸರದ ತೀರ್ಮಾನವೂ ಹೊರಡುವುದುಂಟು: ಲಿಥುವೇನಿಯನ್ ಸಂಸ್ಕೃತದಿಂದ ಹುಟ್ಟಿದ ಭಾಷೆ, ಅಥವಾ ಸಂಸ್ಕೃತಕ್ಕೆ ಅತ್ಯಂತ ಸಮೀಪದ ಸೋದರಿ ಎಂಬುದು ಆ ತೀರ್ಮಾನ. ಈ ಎರಡು ಮಾತುಗಳೂ ಸರಿಯಲ್ಲ. ಹಾಗಾದರೆ ಸರಿಯಾದ ಸಂಬಂಧವಾವುದು? ಬಾಲ್ಟಿಕ್ ಭಾಷೆಗಳಿಗೆ ರಕ್ತಸಂಬಂಧ ಯಾರೊಡನೆ, ಬರಿಯ ನೆರೆಹೊರೆಯ ಸಂಬಂಧ ಯಾರೊಡನೆ? ಇವೆರಡನ್ನೂ ಬೇರ್ಪಡಿಸಿ ತಿಳಿಯುವ ಬಗೆ ಹೇಗೆ? ಈ ಪ್ರಶ್ನೆಗಳನ್ನು ಸಂಗ್ರಹವಾಗಿ ವಿವೇಚಿಸುವುದು ಪ್ರಕೃತ ಲೇಖನದ ಉದ್ದೇಶ.

ಓದುಗರ ಸೌಕರ್ಯಕ್ಕಾಗಿ ಒಂದು ಸೂಚನೆ: ಈ ಲೇಖನದಲ್ಲಿ ಬಾಲ್ಟಿಕ್ ಶಬ್ದಗಳ 'ಝ' ಎಂಬುದು ಮಹಾಪ್ರಾಣವಲ್ಲ, ಶಕಾರದ ಘೋಷರೂಪವೆಂದು ತಿಳಿಯಬೇಕು. 'ಜ಼' ಎಂಬುದು ಸಕಾರದ ಘೋಷರೂಪ.

೨

ಬಾಲ್ಟಿಕ್ ಸಮುದ್ರದ ಪೂರ್ವ ಮತ್ತು ಆಗ್ನೇಯ ತೀರಗಳಲ್ಲಿ ಬಳಕೆಯಲ್ಲಿದ್ದ ಒಂದು ಭಾಷಾವರ್ಗಕ್ಕೆ 'ಬಾಲ್ಟಿಕ್' ಎಂಬ ಹೆಸರನ್ನಿತ್ತವನು ಜರ್ಮನ್ ವಿದ್ವಾಂಸ ನೆಸ್ಸೆಲ್‌ಮನ್, ಅದು ೧೮೪೫ರಲ್ಲಿ. ಈ ವರ್ಗದಲ್ಲಿ ಇಂದು ಜೀವಂತವಾಗಿರುವ ಭಾಷೆಗಳು ಎರಡು: ಲಿಥುವೇನಿಯನ್ ಮತ್ತು ಲ್ಯಾಟ್ವಿಯನ್. ಮೊದಲನೆಯದನ್ನು ಆಡುವವರು ಸುಮಾರು ೩೦ ಲಕ್ಷ. ಎರಡನೆಯದನ್ನು ಆಡುವವರು ಸ್ಥೂಲವಾಗಿ ಅದರ ಅರ್ಧದಷ್ಟು. ಇವೆರಡೂ ಪೂರ್ವ ಬಾಲ್ಟಿಕ್ ಶಾಖೆಗೆ ಸೇರಿದವು. ಪಶ್ಚಿಮ ಶಾಖೆಯ ಮುಖ್ಯ ಭಾಷೆಯಾದ ಪ್ರಾಚೀನ ಪ್ರಷ್ಯನ್ ಹದಿನೆಂಟನೆಯ ಶತಮಾನದ ಆದಿಯಲ್ಲಿ ನಶಿಸಿಹೋಯಿತು. ಕುರೋನಿಯನ್, ಸೆಮಿಗಾಲಿಯನ್, ಸೆಲೋನಿಯನ್, ಯೊತ್ವಿಂಗಿಯನ್ ಎಂಬ ಇತರ ಭಾಷೆಗಳ ಕುರುಹು ಬಹುಮಟ್ಟಿಗೆ ಸ್ಥಳನಾಮ, ವ್ಯಕ್ತಿನಾಮಗಳಲ್ಲಿ ಮಾತ್ರ ಉಳಿದಿದೆ.

ಈ ಜನರ ಉಲ್ಲೇಖ ಪ್ರಾಚೀನ ಕಾಲದಿಂದಲೇ ದೊರೆಯುತ್ತದೆ. ಕ್ರಿ. ಶ. ೯೮ರ ಸುಮಾರಿನಲ್ಲಿ ರೋಮನ್ ಇತಿಹಾಸಕಾರ ಟ್ಯಾಸಿಟಸನು ತನ್ನ 'ಜರ್ಮಾನಿಯ' ಗ್ರಂಥದಲ್ಲಿ ಸಮುದ್ರತೀರದಲ್ಲಿ ಅಂಬರಮಣಿಯನ್ನು ಆಯುವ 'ಎಸ್ತಿಯೈ' ಎಂಬ ಜನರನ್ನು ವರ್ಣಿಸಿದ್ದಾನೆ. ಎರಡನೆಯ ಶತಮಾನದ ಟಾಲೆಮಿ 'ಗಲಿಂದೈ' ಮತ್ತು 'ಸೂದಿನೋಯ್' ಎಂಬ ಎರಡು ಪಂಗಡಗಳನ್ನು ಹೆಸರಿಸಿದ್ದಾನೆ. ಇಷ್ಟು ಹಿಂದೆಯೇ ಹೆಸರು ಕೇಳಿಬಂದರೂ ಇವರ ಭಾಷೆ ಬರೆಹಕ್ಕೆ ಇಳಿದದ್ದು ತೀರ ಈಚೆಗೆ. ಹದಿನಾಲ್ಕನೆಯ ಶತಮಾನಕ್ಕಿಂತ ಹಿಂದಿನ ಬಾಲ್ಟಿಕ್ ವಾಕ್ಯ ಯಾವುದೂ ನಮಗೆ ಉಳಿದಿಲ್ಲ. ಲಿಥುವೇನಿಯನ್ನಿನ ಮೊದಲ ಮುದ್ರಿತ ಗ್ರಂಥ ಮಾರ್ತಿನಸ್ ಮಝ್ವಿದಸನ ಧರ್ಮಬೋಧಿನಿ. ಅದು ಅಚ್ಚಾದದ್ದು ೧೫೪೭ರಲ್ಲಿ, ಕೋನಿಗ್ಸ್‌ಬರ್ಗಿನಲ್ಲಿ. ಲ್ಯಾಟ್ವಿಯನ್ನಿನ ಉಳಿದುಬಂದಿರುವ ಮೊದಲ ಮುದ್ರಿತ ಗ್ರಂಥವೂ ಅಂತಹುದೇ ಧರ್ಮಬೋಧಿನಿ. ಅದರ ಕಾಲ ೧೫೮೫.

ಇಲ್ಲಿ ಬಾಲ್ಟಿಕ್ ಅಧ್ಯಯನದ ವೈಶಿಷ್ಟ್ಯವೂ ತೊಡಕೂ ಒಟ್ಟಿಗೆ ಕಾಣುತ್ತವೆ. ದಾಖಲೆಗಳು ಹೊಸವು, ಭಾಷೆಯ ರೂಪಗಳು ಹಳೆಯವು. ಹದಿನಾರನೆಯ ಶತಮಾನದ ಪಾದ್ರಿಯೊಬ್ಬನು ರೈತರಿಗಾಗಿ ಬರೆದ ಪುಟಗಳಲ್ಲಿ ಮೂಲಭಾಷೆಯ ವಿಭಕ್ತಿಪ್ರತ್ಯಯಗಳು ಎದುರಾಗುತ್ತವೆ. ಆದರೆ ಅದಕ್ಕೆ ಹಿಂದಿನ ಎರಡು ಮೂರು ಸಾವಿರ ವರ್ಷಗಳ ಚರಿತ್ರೆಯನ್ನು ಲಿಖಿತ ಸಾಕ್ಷ್ಯವಿಲ್ಲದೆಯೇ, ನೆರೆಯ ಭಾಷೆಗಳ ಸಹಾಯದಿಂದ ಕಟ್ಟಬೇಕಾಗುತ್ತದೆ.

೩

ಮೊದಲು ಸಂಸ್ಕೃತದ ಪ್ರಶ್ನೆ. ಮೇಲೆ ಕೊಟ್ಟ ಸಾಮ್ಯಗಳು ನಿಜವಾದವು, ಆಕಸ್ಮಿಕವಲ್ಲ. ಬಾಲ್ಟಿಕ್ ಭಾಷೆಗಳು ಇಂಡೋ-ಯುರೋಪಿಯನ್ ಕುಟುಂಬಕ್ಕೆ ಸೇರಿದವೆಂಬುದನ್ನು ಅವು ಸಿದ್ಧಪಡಿಸುತ್ತವೆ. ಆದರೆ ಅದಕ್ಕಿಂತ ಹೆಚ್ಚಿನದನ್ನು ಸಿದ್ಧಪಡಿಸುವುದಿಲ್ಲ. ಎರಡು ಮನೆಗಳಲ್ಲಿ ಒಬ್ಬನೇ ಮುತ್ತಾತನ ಪಾತ್ರೆಗಳು ಉಳಿದಿದ್ದರೆ ಅವರಿಬ್ಬರೂ ಆ ಮುತ್ತಾತನ ಸಂತತಿಯವರೆಂದು ಹೇಳಬಹುದು. ಅವರಿಬ್ಬರು ಒಡಹುಟ್ಟಿದವರೆಂದು ಹೇಳಲಾಗದು. ಮೂಲದಿಂದ ಬಂದದ್ದನ್ನು ಇಬ್ಬರೂ ಉಳಿಸಿಕೊಂಡಿರುವುದು ಸಾಮೀಪ್ಯಕ್ಕೆ ಸಾಕ್ಷಿಯಲ್ಲ. ಮೂಲದಲ್ಲಿ ಇಲ್ಲದುದನ್ನು ಇಬ್ಬರೂ ಸೇರಿ ಹೊಸದಾಗಿ ಮಾಡಿಕೊಂಡಿದ್ದರೆ ಅದು ಸಾಕ್ಷಿ. ೧೮೭೬ರಲ್ಲಿ ಆಗಸ್ಟ್ ಲೆಸ್ಕೀನ್ ಸ್ಲಾವಿಕ್, ಲಿಥುವೇನಿಯನ್ ಹಾಗೂ ಜರ್ಮಾನಿಕ್ ನಾಮವಿಭಕ್ತಿಗಳನ್ನು ಕುರಿತು ಬರೆದಾಗ ಈ ತತ್ತ್ವವನ್ನು ಸ್ಪಷ್ಟವಾಗಿ ಮುಂದಿಟ್ಟನು. ಮುಂದಿನ ಚರ್ಚೆಗೆಲ್ಲ ಇದೇ ಅಳತೆಗೋಲು.

ಲಿಥುವೇನಿಯನ್ನಿನ ಪ್ರಾಚೀನತೆಯೂ ಎಲ್ಲ ಅಂಗಗಳಲ್ಲಿ ಸಮನಾಗಿಲ್ಲ. ನಾಮಪದಗಳಲ್ಲಿ ಅದು ಏಳು ವಿಭಕ್ತಿಗಳನ್ನು ಉಳಿಸಿಕೊಂಡಿದೆ. ಕೆಲವು ಉಪಭಾಷೆಗಳಲ್ಲಿ ದ್ವಿವಚನವೂ ಉಳಿದುಬಂದಿತ್ತು. ಕ್ರಿಯಾಪದದಲ್ಲಾದರೋ ಸಂಸ್ಕೃತದ ಲಿಟ್, ಲುಙ್ ಮುಂತಾದವುಗಳಿಗೆ ಸರಿಹೊಂದುವ ಹಳೆಯ ವ್ಯವಸ್ಥೆ ಕುಸಿದಿದೆ. ಪ್ರಥಮ ಪುರುಷದಲ್ಲಿ ಏಕವಚನ ಬಹುವಚನಗಳ ಭೇದವೇ ಅಳಿದು, 'ಅವನು ಹೋಗುತ್ತಾನೆ', 'ಅವರು ಹೋಗುತ್ತಾರೆ' ಎಂಬೆರಡಕ್ಕೂ 'ಎಯ್ನ' ಎಂಬ ಒಂದೇ ಕ್ರಿಯಾರೂಪವಿದೆ. ನಪುಂಸಕಲಿಂಗದ ನಾಮಪದಗಳೂ ಲೋಪಗೊಂಡಿವೆ. ಆದುದರಿಂದ 'ಅತ್ಯಂತ ಪ್ರಾಚೀನ ಭಾಷೆ' ಎಂಬ ಬಿರುದನ್ನು ಎಚ್ಚರಿಕೆಯಿಂದ ಬಳಸಬೇಕು.

೪

ಸಮೀಪಜ್ಞಾತಿಯ ಪ್ರಶ್ನೆಯಲ್ಲಿ ಮುಖ್ಯ ವಾದವಿರುವುದು ಸ್ಲಾವಿಕ್ ಭಾಷೆಗಳ ವಿಷಯದಲ್ಲಿ. ೧೮೫೨ರಲ್ಲಿ ಲಿಥುವೇನಿಯನ್ ಆಡುವ ಪ್ರದೇಶಕ್ಕೆ ಹೋಗಿ ರೈತರ ಬಾಯಿಂದಲೇ ಭಾಷೆಯನ್ನು ಕಲಿತು, ಅದಕ್ಕೆ ಶಾಸ್ತ್ರೀಯ ವ್ಯಾಕರಣವನ್ನು ರಚಿಸಿದ ಆಗಸ್ಟ್ ಶ್ಲೈಷರ್, ಬಾಲ್ಟಿಕ್ ಮತ್ತು ಸ್ಲಾವಿಕ್ ವರ್ಗಗಳೆರಡೂ ಒಂದೇ ಬಾಲ್ಟೋ-ಸ್ಲಾವಿಕ್ ಕೊಂಬೆಯಿಂದ ಒಡೆದವೆಂದು ತನ್ನ ವಂಶವೃಕ್ಷದಲ್ಲಿ ತೋರಿಸಿದನು. ಈ ಅಭಿಪ್ರಾಯಕ್ಕೆ ಬಲವಾದ ಆಧಾರಗಳುಂಟು.

ಮೊದಲನೆಯದು ಸ್ವರಭಾರದ ಚಲನೆ. ಲಿಥುವೇನಿಯನ್ನಿನಲ್ಲಿ 'ತಲೆ' ಎಂಬರ್ಥದ 'ಗಲ್ವ' ಶಬ್ದಕ್ಕೆ ಪ್ರಥಮಾ ವಿಭಕ್ತಿಯಲ್ಲಿ ಸ್ವರಭಾರ ಕೊನೆಯ ಅಕ್ಷರದ ಮೇಲೆ. ದ್ವಿತೀಯೆಯಲ್ಲಿ ಮೊದಲ ಅಕ್ಷರದ ಮೇಲೆ. ರಷ್ಯನ್ನಿನ 'ಗೊಲೊವ'ದಲ್ಲಿಯೂ ಇದೇ ಕ್ರಮ. 'ಕೈ' ಎಂಬರ್ಥದ 'ರಂಕ' ಮತ್ತು ರಷ್ಯನ್ನಿನ 'ರುಕ' ಶಬ್ದಗಳಲ್ಲಿಯೂ ಹಾಗೆಯೇ. ಇಷ್ಟು ಸೂಕ್ಷ್ಮವಾದ ವ್ಯವಸ್ಥೆಯನ್ನು ಒಂದು ಭಾಷೆ ಇನ್ನೊಂದರಿಂದ ಎರವಲು ಪಡೆಯುವುದು ಕಷ್ಟ. ಎರಡನೆಯದು ನಿರ್ದಿಷ್ಟ ಗುಣವಾಚಕ. 'ಗೆರಸ್' ಎಂದರೆ 'ಒಳ್ಳೆಯ'. ಅದಕ್ಕೆ ಸರ್ವನಾಮವೊಂದನ್ನು ಅಂಟಿಸಿದ 'ಗೆರಾಸಿಸ್' ಎಂದರೆ 'ಆ ಒಳ್ಳೆಯ'. ಪ್ರಾಚೀನ ಸ್ಲಾವಿಕ್ಕಿನಲ್ಲಿಯೂ ಅದೇ ಸರ್ವನಾಮದಿಂದ ಅದೇ ಬಗೆಯ ರಚನೆಯಾಗಿದೆ. ಮೂರನೆಯದು ವ್ಯಂಜನರೂಪದ ಸ್ವರಗಳ ಪರಿಣಾಮ: ಸಂಸ್ಕೃತದ 'ವೃಕ'ದಲ್ಲಿ ಋಕಾರವಿರುವಲ್ಲಿ ಲಿಥುವೇನಿಯನ್ನಿನ 'ವಿಲ್ಕಸ್' ಶಬ್ದದಲ್ಲಿ ಇಕಾರದೊಡನೆ ಲಕಾರ ಬಂದಿದೆ, ಸ್ಲಾವಿಕ್ ರೂಪವೂ ಅಂತಹ ಹ್ರಸ್ವ ಇಕಾರವನ್ನೇ ಸೂಚಿಸುತ್ತದೆ. ಇವುಗಳ ಜೊತೆಗೆ ಶಬ್ದಭಂಡಾರದ ಸಾಮ್ಯವೂ ಇದೆ. ಕೊಂಬಿಗೆ 'ರಾಗಸ್' ಮತ್ತು 'ರೋಗ್', ಕಬ್ಬಿಣಕ್ಕೆ 'ಗೆಲೆಝಿಸ್' ಮತ್ತು 'ಝೆಲೆಜ಼ೊ', ಕೆರೆಗೆ 'ಎಝೆರಸ್' ಮತ್ತು 'ಒಜ಼ೆರೊ'.

ಆದರೆ ಪ್ರತಿಪಕ್ಷವೂ ದುರ್ಬಲವಲ್ಲ. ೧೯೦೮ರಲ್ಲಿ ಫ್ರೆಂಚ್ ವಿದ್ವಾಂಸ ಆಂಟ್ವಾನ್ ಮೆಯ್ಯೆ, ಈ ಎರಡು ವರ್ಗಗಳು ಒಂದೇ ಬಗೆಯ ಮೂಲದಿಂದ ಹೊರಟು, ಒಂದೇ ಬಗೆಯ ಪರಿಸರದಲ್ಲಿ, ಸ್ವತಂತ್ರವಾಗಿಯೇ ಸಮಾನಾಂತರ ಮಾರ್ಗಗಳಲ್ಲಿ ಬೆಳೆದವೆಂದು ವಾದಿಸಿದನು. ಕಬ್ಬಿಣದಂತಹ ಶಬ್ದ, ಆ ಲೋಹದ ಬಳಕೆಯೇ ಈಚಿನದಾದ್ದರಿಂದ, ಆದಿಕಾಲದ ಐಕ್ಯಕ್ಕೆ ಸಾಕ್ಷಿಯಾಗಲಾರದೆಂಬುದು ಯಾರಿಗಾದರೂ ತೋರುವ ಆಕ್ಷೇಪ. ಲಿಥುವೇನಿಯನ್ 'ವಿರ್ಶುಸ್', ರಷ್ಯನ್ 'ವೆರ್ಖ್' ಎಂಬ 'ತುದಿ' ವಾಚಕಗಳಲ್ಲಿ ರಕಾರದ ಮುಂದಿನ ಸಕಾರ ಮಾರ್ಪಟ್ಟಿರುವುದು ನಿಜ. ಆದರೆ ಸಂಸ್ಕೃತದ 'ವರ್ಷ್ಮನ್' ಶಬ್ದದಲ್ಲಿಯೂ ಅದೇ ಮಾರ್ಪಾಡಿರುವುದರಿಂದ ಅದು ಈ ಎರಡೇ ವರ್ಗಗಳ ಸೊತ್ತಲ್ಲ. ಲ್ಯಾಟ್ವಿಯದ ಮಹಾವಿದ್ವಾಂಸ ಯಾನಿಸ್ ಎಂಡ್ಜೆಲಿನ್ಸ್ ೧೯೧೧ರಲ್ಲಿ ಮಧ್ಯಮಮಾರ್ಗವನ್ನು ಹಿಡಿದು, ಮೊದಲು ಬೇರೆಬೇರೆಯಾಗಿದ್ದ ಎರಡು ಗುಂಪುಗಳು ನೆರೆಯವರಾಗಿ ಬಾಳಿದ ಕಾಲದಲ್ಲಿ ಪರಸ್ಪರ ಸಮೀಪಿಸಿದವೆಂದು ಪ್ರತಿಪಾದಿಸಿದನು. ೧೯೫೮ರಲ್ಲಿ ಮಾಸ್ಕೋದಲ್ಲಿ ನಡೆದ ಸ್ಲಾವಿಕ್ ವಿದ್ವಾಂಸರ ಅಂತರರಾಷ್ಟ್ರೀಯ ಸಮ್ಮೇಳನದಲ್ಲಿ ಇವಾನೊವ್ ಮತ್ತು ತೊಪೊರೊವ್ ಇನ್ನೊಂದು ಹೆಜ್ಜೆ ಮುಂದಿಟ್ಟು, ಸ್ಲಾವಿಕ್ ವ್ಯವಸ್ಥೆಯನ್ನೇ ಬಾಲ್ಟಿಕ್ ಮಾದರಿಯೊಂದರಿಂದ ಸಾಧಿಸಿ ತೋರಿಸಬಹುದೆಂದರು.

ಇಂದು ಹೆಚ್ಚಿನ ವಿದ್ವಾಂಸರು ಬಾಲ್ಟೋ-ಸ್ಲಾವಿಕ್ ಎಂಬ ಸಾಮಾನ್ಯ ಅವಸ್ಥೆಯೊಂದನ್ನು ಒಪ್ಪುತ್ತಾರೆ. ಸ್ವರಭಾರದ ಅಧ್ಯಯನ ಮುಂದುವರಿದಂತೆ ಹಾಗೂ ೧೯೭೮ರಲ್ಲಿ ವೆರ್ನರ್ ವಿಂಟರ್ ಪ್ರಕಟಿಸಿದ ಸ್ವರದೀರ್ಘೀಕರಣ ನಿಯಮದಂತಹ ಸಮಾನ ನವೀಕರಣಗಳು ಹೊರಬಿದ್ದಂತೆ ಈ ಪಕ್ಷ ಬಲಗೊಂಡಿದೆ. ಆದರೆ ಆ ಅವಸ್ಥೆಯೊಳಗೆ 'ಬಾಲ್ಟಿಕ್' ಎಂಬ ಒಂದು ಪ್ರತ್ಯೇಕ ಕೊಂಬೆ ಇದ್ದಿತೇ, ಅಥವಾ ಪೂರ್ವ ಬಾಲ್ಟಿಕ್, ಪಶ್ಚಿಮ ಬಾಲ್ಟಿಕ್, ಸ್ಲಾವಿಕ್ ಎಂಬ ಮೂರು ಕೊಂಬೆಗಳು ನೇರವಾಗಿ ಒಡೆದವೇ ಎಂಬ ವಾದ ಇನ್ನೂ ನಿಂತಿಲ್ಲ.

ಈ ವಾದದಲ್ಲಿ ತೀರ್ಪು ಹೇಳಬೇಕಾದ ಸಾಕ್ಷಿ ಪ್ರಾಚೀನ ಪ್ರಷ್ಯನ್. ಒಂದು ನಿದರ್ಶನ ಸಾಕು. ಲಿಥುವೇನಿಯನ್ 'ವಿಲ್ಕೊ', ಲ್ಯಾಟ್ವಿಯನ್ 'ವಿಲ್ಕ' ಎಂಬ ಷಷ್ಠೀರೂಪಗಳು ಮೂಲದ ಪಂಚಮೀ ಪ್ರತ್ಯಯದಿಂದ ಬಂದವು. ಪಂಚಮಿಯು ಷಷ್ಠಿಯ ಸ್ಥಾನವನ್ನು ಆಕ್ರಮಿಸಿದ ಈ ನವೀಕರಣ ಸ್ಲಾವಿಕ್ಕಿನಲ್ಲಿಯೂ ಇದೆ. ಆದರೆ ಪ್ರಷ್ಯನ್ನಿನಲ್ಲಿ 'ದೇವನ' ಎಂಬುದಕ್ಕೆ 'ದೆಯ್ವಸ್' ಎಂದಿದೆ. ಅಲ್ಲಿ ಆ ನವೀಕರಣ ಕಾಣುವುದಿಲ್ಲ. ಅಂದರೆ ಈ ಒಂದು ಅಂಶದಲ್ಲಿ ಲಿಥುವೇನಿಯನ್ ತನ್ನ ಮನೆಯ ಪ್ರಷ್ಯನ್ನಿಗಿಂತ ಸ್ಲಾವಿಕ್ಕಿಗೆ ಸಮೀಪ. ಇಂತಹ ಅಂಶಗಳು ಎಷ್ಟು, ಅವುಗಳ ತೂಕವೇನು ಎಂದು ನಿಷ್ಕರ್ಷಿಸಲು ಪ್ರಷ್ಯನ್ ಗ್ರಂಥಗಳು ಬೇಕು.

೫

ಆ ಗ್ರಂಥಗಳಾದರೂ ಎಷ್ಟಿವೆ? ಸುಮಾರು ೧೪೦೦ರ ಪ್ರತಿಯಲ್ಲಿ ಉಳಿದುಬಂದ, ಎಲ್ಬಿಂಗ್ ಶಬ್ದಕೋಶವೆಂದು ಹೆಸರಾದ ೮೦೨ ಶಬ್ದಗಳ ಜರ್ಮನ್-ಪ್ರಷ್ಯನ್ ಪಟ್ಟಿ. ಸಿಮೋನ್ ಗ್ರೂನಾವ್ ಎಂಬವನು ಸಂಗ್ರಹಿಸಿದ ನೂರರಷ್ಟು ಶಬ್ದಗಳು. ೧೫೪೫ರ ಎರಡು ಕಿರಿಯ ಧರ್ಮಬೋಧಿನಿಗಳು. ೧೫೬೧ರಲ್ಲಿ ಪೊಬೆಥೆನ್ ಗ್ರಾಮದ ಪಾದ್ರಿ ಅಬೆಲ್ ವಿಲ್ ಅನುವಾದಿಸಿದ ಲೂಥರನ ಧರ್ಮಬೋಧಿನಿ. ಮತ್ತು ಕೆಲವು ಬಿಡಿ ವಾಕ್ಯಗಳು. ಹದಿನಾಲ್ಕನೆಯ ಶತಮಾನದ ಹಸ್ತಪ್ರತಿಯೊಂದರ ಅಂಚಿನಲ್ಲಿ ಬರೆದಿದ್ದ ಎರಡು ಸಾಲುಗಳು ಬಾಸೆಲ್ ನಗರದಲ್ಲಿ ೧೯೭೪ರಲ್ಲಿ ಪತ್ತೆಯಾದಾಗ ಅದು ಬಾಲ್ಟಿಕ್ ವಿದ್ವಾಂಸರಿಗೆ ದೊಡ್ಡ ಸಂಗತಿಯೇ ಆಯಿತು. ಸಾಕ್ಷ್ಯದ ಬಡತನ ಅಷ್ಟಿದೆ.

ಈ ಬಡತನಕ್ಕೆ ಕಾರಣ ಭಾಷಾಶಾಸ್ತ್ರದಲ್ಲಿಲ್ಲ, ಚರಿತ್ರೆಯಲ್ಲಿದೆ. ೧೨೩೦ರ ಸುಮಾರಿನಿಂದ ಟ್ಯೂಟಾನಿಕ್ ಧರ್ಮಯೋಧರ ಪಂಥ ಪ್ರಷ್ಯನ್ನರ ನಾಡನ್ನು ಆಕ್ರಮಿಸತೊಡಗಿತು. ೧೨೬೦ರಲ್ಲಿ ಎದ್ದ ದೊಡ್ಡ ದಂಗೆ ೧೨೭೪ರ ವೇಳೆಗೆ ಅಡಗಿತು; ೧೨೮೩ರ ಹೊತ್ತಿಗೆ ವಿಜಯ ಪೂರ್ಣಗೊಂಡಿತು. ಜರ್ಮನ್ ಒಕ್ಕಲುಗಳು ಬಂದು ನೆಲೆಸಿದವು. ನಗರವೂ ಆಡಳಿತವೂ ಜರ್ಮನ್ ಆದುವು. ಭಾಷೆ ಹಳ್ಳಿಗಳಲ್ಲಿ ಮಾತ್ರ ಉಳಿದು, ೧೭೦೯–೧೭೧೧ರ ಮಹಾಮಾರಿಯ ತರುವಾಯ ಆಡುವವರಿಲ್ಲದೆ ಮುಗಿಯಿತು. ಆ ಜನರ ಹೆಸರನ್ನು ಮಾತ್ರ ಅವರನ್ನು ಗೆದ್ದವರ ರಾಜ್ಯ ಧರಿಸಿತು. ಚರಿತ್ರೆಯಲ್ಲಿ 'ಪ್ರಷ್ಯ' ಎಂದೊಡನೆ ನಮ್ಮ ನೆನಪಿಗೆ ಬರುವುದು ಜರ್ಮನ್ ದೊರೆಗಳೇ ಹೊರತು ಬಾಲ್ಟಿಕ್ ರೈತರಲ್ಲ.

ಪೂರ್ವದಲ್ಲಿಯೂ ಇಂತಹ ಸಂಕೋಚ ನಡೆದಿದೆ. ಆದರೆ ಅಲ್ಲಿ ಸಾಕ್ಷಿ ನದಿಗಳು. ನೀಪರ್ ನದಿಯ ಮೇಲ್ಕಣಿವೆಯ ನದೀನಾಮಗಳನ್ನು ಪರಿಶೀಲಿಸಿ ೧೯೬೨ರಲ್ಲಿ ತೊಪೊರೊವ್ ಮತ್ತು ತ್ರುಬಚೊವ್ ಪ್ರಕಟಿಸಿದ ಗ್ರಂಥ, ಇಂದು ಸ್ಲಾವಿಕ್ ಮಾತ್ರ ಕೇಳಿಬರುವ ವಿಶಾಲ ಪ್ರದೇಶದಲ್ಲಿ ಹಿಂದೆ ಬಾಲ್ಟಿಕ್ ಜನ ನೆಲೆಸಿದ್ದರೆಂಬುದನ್ನು ತೋರಿಸಿಕೊಟ್ಟಿತು. ರಷ್ಯನ್ ವೃತ್ತಾಂತಗಳು ೧೦೫೮ ಮತ್ತು ೧೧೪೭ರಲ್ಲಿ 'ಗೊಲ್ಯಾದ್' ಎಂಬ ಪಂಗಡವನ್ನು ಹೆಸರಿಸುತ್ತವೆ. ಎರಡನೆಯ ಉಲ್ಲೇಖದಲ್ಲಿ ಅವರಿದ್ದ ಸ್ಥಳ ಮಾಸ್ಕೋಗೆ ದೂರವಲ್ಲದ ಪ್ರೊತ್ವಾ ನದೀತೀರ. ಟಾಲೆಮಿಯ 'ಗಲಿಂದೈ' ಎಂಬ ಹೆಸರೇ ಇಲ್ಲಿ ಸ್ಲಾವಿಕ್ ರೂಪ ತಾಳಿದೆ.

೬

ಇನ್ನು ಉತ್ತರದ ನೆರೆಯವರು. ಫಿನ್ನಿಷ್, ಎಸ್ಟೋನಿಯನ್, ಲಿವೋನಿಯನ್ ಮೊದಲಾದವು ಫಿನ್ನಿಕ್ ವರ್ಗದ ಭಾಷೆಗಳು. ಅವು ಯುರಾಲಿಕ್ ಕುಟುಂಬಕ್ಕೆ ಸೇರಿದವು, ಇಂಡೋ-ಯುರೋಪಿಯನ್ ಅಲ್ಲ. ಇಲ್ಲಿ ರಕ್ತಸಂಬಂಧದ ಮಾತಿಲ್ಲ. ಆದರೂ ಸಾಮ್ಯಗಳು ಹೇರಳವಾಗಿವೆ. ೧೮೯೦ರಲ್ಲಿ ಡೆನ್ಮಾರ್ಕಿನ ವಿಲ್ಹೆಲ್ಮ್ ಥಾಮ್ಸನ್ ಈ ಸಂಪರ್ಕಗಳನ್ನು ಕುರಿತು ರಚಿಸಿದ ಗ್ರಂಥ ಎರವಲು ಶಬ್ದಗಳ ಅಧ್ಯಯನಕ್ಕೆ ಇಂದಿಗೂ ಮಾದರಿಯಾಗಿದೆ.

ಫಿನ್ನಿಷ್ ಭಾಷೆಯ ಈ ಶಬ್ದಗಳನ್ನು ನೋಡಬಹುದು. ಹುಲ್ಲಿಗೆ 'ಹೆಯ್ನ್ಯಾ', ಲಿಥುವೇನಿಯನ್ನಿನಲ್ಲಿ 'ಶಿಯೆನಸ್'. ಸೇತುವೆಗೆ 'ಸಿಲ್ತ', ಅಲ್ಲಿ 'ತಿಲ್ತಸ್'. ಬಟಾಣಿಗೆ 'ಹೆರ್ನೆ', ಅಲ್ಲಿ 'ಝಿರ್ನಿಸ್'. ಕೊಡಲಿಗೆ 'ಕಿರ್ವೆಸ್', ಅಲ್ಲಿ 'ಕಿರ್ವಿಸ್'. ಉಣ್ಣೆಗೆ 'ವಿಲ್ಲ', ಅಲ್ಲಿ 'ವಿಲ್ನ'. ದನಗಾಹಿಗೆ 'ಪಾಯ್ಮೆನ್', ಅಲ್ಲಿ 'ಪಿಯೆಮುವೊ'. ಬೇಸಾಯ, ಪಶುಪಾಲನೆಗಳ ಶಬ್ದಗಳನ್ನು ಬಾಲ್ಟಿಕ್ ಜನರಿಂದ ಫಿನ್ನಿಕ್ ಜನ ಪಡೆದರೆಂಬುದು ಇದರಿಂದ ಸ್ಪಷ್ಟ. ಇದಕ್ಕಿಂತ ಗಮನಾರ್ಹವಾದುದು, ಮಗಳು ('ತ್ಯುತ್ಯಾರ್') ಮತ್ತು ಸೋದರಿ ('ಸಿಸರ್') ಎಂಬ ಶಬ್ದಗಳೂ ಬಾಲ್ಟಿಕ್ ಮೂಲದವಾಗಿರುವುದು. ಮನೆಯೊಳಗಿನ ಇಂತಹ ಶಬ್ದಗಳು ಸಂತೆಯ ವ್ಯಾಪಾರದಿಂದ ಬರುವಂತಹವಲ್ಲ. ಕೊಳುಕೊಡೆಯ ನಂಟಸ್ತನವನ್ನೇ ಸೂಚಿಸುತ್ತವೆ. ಪ್ರತಿಯಾಗಿ ದೋಣಿಯ 'ಲಾಯ್ವಸ್' ಎಂಬ ಶಬ್ದ ಫಿನ್ನಿಕ್ ಕಡೆಯಿಂದ ಬಾಲ್ಟಿಕ್ಕಿಗೆ ಬಂದಿದೆ. ಹೊಲದ ಮಾತು ಉತ್ತರಕ್ಕೂ, ಹಡಗಿನ ಮಾತು ದಕ್ಷಿಣಕ್ಕೂ ಸಾಗಿದುವು.

ಚಕ್ರಕ್ಕೆ ಲಿಥುವೇನಿಯನ್ನಿನಲ್ಲಿ 'ರತಸ್' ಎಂದು ಹೆಸರು. ಸಂಸ್ಕೃತದ 'ರಥ' ಇದರ ಜ್ಞಾತಿ. ಲ್ಯಾಟ್ವಿಯನ್ನಿನಲ್ಲಿ ಕೊನೆಯ ಸ್ವರ ಲೋಪವಾಗಿ ಅದು 'ರತ್ಸ್' ಆಗಿದೆ. ಫಿನ್ನಿಷ್ ಭಾಷೆ ಮಾತ್ರ 'ರತಸ್' ಎಂಬ ಪೂರ್ಣರೂಪವನ್ನೇ ಉಳಿಸಿಕೊಂಡಿದೆ. ಕೊಟ್ಟವರ ಮನೆಯಲ್ಲಿ ಸವೆದುದು ಪಡೆದವರ ಮನೆಯಲ್ಲಿ ಹಾಗೆಯೇ ಇರುವುದುಂಟು. ಬಾಲ್ಟಿಕ್ ಬರೆಹ ಹುಟ್ಟುವುದಕ್ಕೆ ಎಷ್ಟೋ ಶತಮಾನಗಳ ಹಿಂದಿನ ಉಚ್ಚಾರಣೆಯನ್ನು ನಾವು ಹೀಗೆ ಫಿನ್ನಿಷ್ ರೈತನ ಬಾಯಿಂದ ಕೇಳುತ್ತೇವೆ. ಪ್ರಾಕೃತದ 'ಸಿರಿ' ಕನ್ನಡದಲ್ಲಿ ಇಂದಿಗೂ ಬಳಕೆಯಲ್ಲಿರುವುದನ್ನು ಬಲ್ಲ ನಮಗೆ ಇದು ಅಪರಿಚಿತವಾದ ಸಂಗತಿಯಲ್ಲ.

ಇದೇ ಸಂದರ್ಭದಲ್ಲಿ ಒಂದು ಎಚ್ಚರಿಕೆಯ ಮಾತು. ಬಾತುಕೋಳಿಯ ಜಾತಿಯ ಹಕ್ಕಿಗೆ ಫಿನ್ನಿಷ್ ಹೆಸರು 'ಹನ್ಹಿ'. ಸಂಸ್ಕೃತದ 'ಹಂಸ'ದೊಡನೆ ಅದನ್ನು ನೇರವಾಗಿ ಜೋಡಿಸುವ ಆಸೆ ಹುಟ್ಟಬಹುದು. ಆದರೆ ಆ ಶಬ್ದ ಲಿಥುವೇನಿಯನ್ 'ಝಾಸಿಸ್' ಎಂಬುದರ ಹಳೆಯ ಬಾಲ್ಟಿಕ್ ರೂಪದಿಂದ ಬಂದುದು. ಫಿನ್ನಿಷ್ ಶಬ್ದದ ಆದಿಯ ಹಕಾರ ಶಕಾರದಿಂದ ಆದುದು. 'ಹೆಯ್ನ್ಯಾ', 'ಹೆರ್ನೆ'ಗಳಲ್ಲಿಯೂ ಅದೇ ನಿಯಮ. ಸಂಸ್ಕೃತದ ಹಕಾರವಾದರೋ ಮೂಲಭಾಷೆಯ ತಾಲವ್ಯೀಕೃತ ಘಕಾರದಿಂದ ಬಂದುದು. ಎರಡು ಹಕಾರಗಳು ಬೇರೆಬೇರೆ ದಾರಿಯಿಂದ ಬಂದು ಒಂದೇ ಧ್ವನಿಯಲ್ಲಿ ಕೂಡಿವೆ. ಹಳಗನ್ನಡದ 'ಅಂಚೆ'ಯೂ 'ಹಂಸ'ದ ತದ್ಭವವೇ. ಆರ್ಯೇತರವಾದ ಎರಡು ಭಾಷೆಗಳು, ಒಂದು ಉತ್ತರ ಸಮುದ್ರತೀರದಲ್ಲಿ, ಇನ್ನೊಂದು ದಕ್ಷಿಣಾಪಥದಲ್ಲಿ, ತಮ್ಮ ತಮ್ಮ ನೆರೆಯವರಿಂದ ಒಂದೇ ಮೂಲದ ಹಕ್ಕಿಯ ಹೆಸರನ್ನು ಪಡೆದಿವೆ. ಆದರೆ ಮೂರರ ನಡುವಿನ ನಿಜವಾದ ಸಂಬಂಧ ತಿಳಿಯುವುದು ಕಿವಿಗೆ ಕೇಳುವ ಹೋಲಿಕೆಯಿಂದಲ್ಲ, ಧ್ವನಿನಿಯಮದಿಂದ.

ವ್ಯಾಕರಣದ ಮೇಲೂ ನೆರೆತನದ ಪ್ರಭಾವ ಬಿದ್ದಿದೆ. ಲ್ಯಾಟ್ವಿಯನ್ನಿನಲ್ಲಿ ಸ್ವರಭಾರ ಸಾಮಾನ್ಯವಾಗಿ ಮೊದಲ ಅಕ್ಷರದ ಮೇಲೆ ನಿಲ್ಲುವುದಕ್ಕೆ ಲಿವೋನಿಯನ್ ಜನ ಲ್ಯಾಟ್ವಿಯನ್ನರಲ್ಲಿ ಬೆರೆತುಹೋದದ್ದೇ ಕಾರಣವೆಂದು ಸಾಮಾನ್ಯವಾಗಿ ಒಪ್ಪಲಾಗಿದೆ. 'ನನಗೆ ಮನೆ ಇದೆ' ಎಂಬುದಕ್ಕೆ ಲ್ಯಾಟ್ವಿಯನ್ನಿನಲ್ಲಿ 'ಮನ್ ಇರ್ ಮಾಯ', ಎಸ್ಟೋನಿಯನ್ನಿನಲ್ಲಿ 'ಮುಲ್ ಓನ್ ಮಯ'. ಕನ್ನಡದಂತೆ ಇಲ್ಲಿಯೂ ಒಡೆಯನು ಕರ್ತೃವಲ್ಲ. 'ಮಾಯ' ಎಂಬ ಶಬ್ದವೇ ಫಿನ್ನಿಕ್ ಮೂಲದ್ದು. ಲಿಥುವೇನಿಯನ್ನಿನಲ್ಲಿಯಾದರೋ 'ಹೊಂದು' ಎಂಬರ್ಥದ ಸಕರ್ಮಕ ಧಾತು ಬಳಕೆಯಾಗುತ್ತದೆ. ಇಂತಹ ಚತುರ್ಥೀ ರಚನೆ ಹಳೆಯ ಇಂಡೋ-ಯುರೋಪಿಯನ್ ಭಾಷೆಗಳಲ್ಲಿಯೂ ಇದ್ದುದರಿಂದ ಇದನ್ನು ಫಿನ್ನಿಕ್ ಸೃಷ್ಟಿಯೆನ್ನಲಾಗದು. ಹಳೆಯ ರೂಢಿಗೆ ನೆರೆಯವರ ಬೆಂಬಲ ದೊರೆಯಿತೆನ್ನಬಹುದು. ಬೆಂಬಲವಿತ್ತ ಲಿವೋನಿಯನ್ ಭಾಷೆಯನ್ನು ಮಾತೃಭಾಷೆಯಾಗಿ ಆಡುತ್ತಿದ್ದ ಕೊನೆಯ ವ್ಯಕ್ತಿ ೨೦೧೩ರಲ್ಲಿ ತೀರಿಕೊಂಡರು.

೭

ಪಶ್ಚಿಮದ ಜರ್ಮಾನಿಕ್ ವರ್ಗದೊಡನೆ ಎರಡು ಪದರಗಳ ಸಂಬಂಧವಿದೆ. ಹಳೆಯ ಪದರದಲ್ಲಿ ಚತುರ್ಥೀ ಬಹುವಚನದ ಮಕಾರ ಮುಖ್ಯವಾದುದು: ಸಂಸ್ಕೃತದಲ್ಲಿ 'ವೃಕೇಭ್ಯಃ' ಎಂದು ಭಕಾರವಿರುವಲ್ಲಿ ಲಿಥುವೇನಿಯನ್ 'ವಿಲ್ಕಮ್ಸ್', ಗಾಥಿಕ್ 'ವುಲ್ಫಮ್', ಸ್ಲಾವಿಕ್ಕಿನಲ್ಲಿಯೂ ಮಕಾರವೇ. ಸಂಖ್ಯಾವಾಚಕಗಳಲ್ಲಿ ಇನ್ನೊಂದು ಕುತೂಹಲಕರ ನಿದರ್ಶನವಿದೆ. ಹನ್ನೊಂದು, ಹನ್ನೆರಡಕ್ಕೆ ಲಿಥುವೇನಿಯನ್ 'ವಿಯೆನುವೊಲಿಕ', 'ದ್ವಿಲಿಕ'. ಗಾಥಿಕ್ 'ಐನ್‌ಲಿಫ್', 'ತ್ವಲಿಫ್'. ಹತ್ತನ್ನು ಎಣಿಸಿದ ಮೇಲೆ 'ಒಂದು ಉಳಿದದ್ದು', 'ಎರಡು ಉಳಿದದ್ದು' ಎಂಬುದೇ ಎರಡು ಕಡೆಯೂ ಭಾವ. ಲ್ಯಾಟ್ವಿಯನ್ನಿನ 'ವಿಯೆನ್‌ಪದ್‌ಸ್ಮಿತ್' ಎಂಬುದಾದರೋ 'ಹತ್ತರ ಮೇಲೆ ಒಂದು' ಎಂಬ ಬಗೆಯದು. ಅದು ಸ್ಲಾವಿಕ್ ಪದ್ಧತಿಯನ್ನು ಹೋಲುತ್ತದೆ. ಒಡಹುಟ್ಟಿದ ಎರಡು ಭಾಷೆಗಳಲ್ಲಿ ಒಂದು ಪಶ್ಚಿಮದತ್ತ, ಇನ್ನೊಂದು ಪೂರ್ವದತ್ತ ಮುಖಮಾಡಿ ಎಣಿಸುತ್ತಿವೆ.

ಈಚಿನ ಪದರ ಚರಿತ್ರೆಯ ದಾಖಲೆಗಳಿಗೆ ಪೂರಕವಾಗಿದೆ. ಲ್ಯಾಟ್ವಿಯನ್ನಿನಲ್ಲಿ ಪುಸ್ತಕಕ್ಕೆ 'ಗ್ರಾಮತ', ಶಿಲುಬೆಗೆ 'ಕ್ರುಸ್ತ್ಸ್', ಇಗರ್ಜಿಗೆ 'ಬಜ಼್ನೀತ್ಸ'. ಮೂರೂ ಪೂರ್ವ ಸ್ಲಾವಿಕ್ ಮೂಲದವು. ೧೨೦೧ರಲ್ಲಿ ಜರ್ಮನ್ ಬಿಷಪ್ಪನು ರಿಗಾ ನಗರವನ್ನು ಸ್ಥಾಪಿಸುವ ಮೊದಲೇ ಪೂರ್ವದಿಕ್ಕಿನಿಂದ ಕ್ರೈಸ್ತಧರ್ಮದ ಪರಿಚಯ ಆ ನಾಡಿಗೆ ಆಗಿತ್ತೆಂದು ಈ ಶಬ್ದಗಳು ನುಡಿಯುತ್ತವೆ. ತರುವಾಯದ ಜರ್ಮನ್ ಪ್ರಾಬಲ್ಯಕ್ಕೆ ಸಾಕ್ಷಿ, 'ಮತ್ತು' ಎಂಬರ್ಥದ 'ಉನ್' ಎಂಬ ಪುಟ್ಟ ಅವ್ಯಯ. ಲ್ಯಾಟ್ವಿಯನ್ನರು ರಷ್ಯನ್ನರನ್ನು ಇಂದಿಗೂ 'ಕ್ರಿಯೆವಿ' ಎನ್ನುತ್ತಾರೆ. ಒಂದು ಕಾಲದಲ್ಲಿ ನೆರೆಯಲ್ಲಿದ್ದ ಕ್ರಿವಿಚಿ ಎಂಬ ಸ್ಲಾವ್ ಪಂಗಡದ ಹೆಸರದು.

೮

ಜ್ಞಾತಿತ್ವದ ವಿಚಾರ ವಿದ್ವಾಂಸರ ಕೊಠಡಿಯಲ್ಲಿಯೇ ಉಳಿಯಲಿಲ್ಲವೆಂಬುದನ್ನೂ ಇಲ್ಲಿ ನೆನೆಯಬೇಕು. ೧೮೬೩ರ ದಂಗೆಯ ಬಳಿಕ ರಷ್ಯನ್ ಸಾಮ್ರಾಜ್ಯ ಲ್ಯಾಟಿನ್ ಲಿಪಿಯಲ್ಲಿ ಲಿಥುವೇನಿಯನ್ ಗ್ರಂಥಗಳ ಮುದ್ರಣವನ್ನು ನಿಷೇಧಿಸಿ, ರಷ್ಯನ್ ಲಿಪಿಯನ್ನೇ ಬಳಸಬೇಕೆಂದು ವಿಧಿಸಿತು. ೧೮೬೪ರಿಂದ ೧೯೦೪ರವರೆಗೆ ನಲವತ್ತು ವರ್ಷ ಈ ನಿಷೇಧ ನಡೆಯಿತು. ಜನ ಪ್ರಷ್ಯದ ಗಡಿಯಾಚೆ ಪುಸ್ತಕಗಳನ್ನು ಅಚ್ಚು ಹಾಕಿಸಿ, ಬೆನ್ನಮೇಲೆ ಹೊತ್ತು, ರಾತ್ರಿಯ ವೇಳೆ ಗಡಿ ದಾಟಿಸಿ ಹಳ್ಳಿಗಳಿಗೆ ತಲುಪಿಸಿದರು. ಸಿಕ್ಕಿಬಿದ್ದವರಿಗೆ ಸೆರೆಮನೆಯೂ ಗಡೀಪಾರೂ ಕಾದಿದ್ದವು. ಎರಡು ಭಾಷೆಗಳ ಮೂಲ ಒಂದೆಂಬ ಶಾಸ್ತ್ರೀಯ ಸಿದ್ಧಾಂತ ಸತ್ಯವೇ ಆಗಿದ್ದರೂ, ಒಂದು ಇನ್ನೊಂದರಲ್ಲಿ ಲೀನವಾಗಬೇಕೆಂಬ ಆಜ್ಞೆಗೆ ಅದು ಆಧಾರವಾಗಲಾರದು. ೧೯೪೧ರಲ್ಲಿ ಆರಂಭವಾಗಿ ಯುದ್ಧ, ಪರಾಧೀನತೆಗಳನ್ನು ದಾಟಿ ೨೦೦೨ರಲ್ಲಿ ೨೦ ಸಂಪ್ರಟಗಳಲ್ಲಿ ಮುಗಿದ ಲಿಥುವೇನಿಯನ್ ಮಹಾನಿಘಂಟು ಆ ಜನರ ಉತ್ತರ.

ಬಾಲ್ಟಿಕ್ ಭಾಷೆಗಳ ಚರಿತ್ರೆಯಿಂದ ತಿಳಿಯುವುದಿಷ್ಟು. ಶ್ಲೈಷರನ ವೃಕ್ಷವೂ, ೧೮೭೨ರಲ್ಲಿ ಯೋಹಾನೆಸ್ ಶ್ಮಿಟ್ ಮುಂದಿಟ್ಟ ತರಂಗಸಿದ್ಧಾಂತವೂ ಒಂದನ್ನೊಂದು ಅಳಿಸುವಂತಹವಲ್ಲ. ಸ್ಲಾವಿಕ್ ಸಂಬಂಧಕ್ಕೆ ವೃಕ್ಷ ಬೇಕು, ಫಿನ್ನಿಕ್ ಸಂಬಂಧಕ್ಕೆ ತರಂಗ ಬೇಕು, ಜರ್ಮಾನಿಕ್ಕಿಗೆ ಎರಡೂ ಬೇಕು. ೧೯೫೬ರಲ್ಲಿ ಎಮೆನೋ ಭಾರತವನ್ನು ಒಂದು ಭಾಷಾಕ್ಷೇತ್ರವೆಂದು ವಿವೇಚಿಸಿದ ಮೇಲೆ ದ್ರಾವಿಡ ಮತ್ತು ಆರ್ಯ ಭಾಷೆಗಳ ಸಂಬಂಧವನ್ನು ನಾವು ನೋಡುವ ಬಗೆಯೂ ಇದೇ ಆಗಿದೆ. ಜ್ಞಾತಿತ್ವಕ್ಕೂ ನೆರೆತನಕ್ಕೂ ಇರುವ ಭೇದವನ್ನು ವಿದ್ಯಾರ್ಥಿಗಳಿಗೆ ಮನಗಾಣಿಸಬೇಕಾದ ಅಧ್ಯಾಪಕರಿಗೆ ಈ ಪುಟ್ಟ ಭಾಷಾವರ್ಗಕ್ಕಿಂತ ಒಳ್ಳೆಯ ನಿದರ್ಶನ ದೊರೆಯುವುದು ಕಷ್ಟ. ಎಂಟುನೂರ ಎರಡು ಶಬ್ದಗಳ ಆ ಪಟ್ಟಿಯನ್ನು ಯಾರೋ ಲಿಪಿಕಾರನೊಬ್ಬನು ಬರೆದಿಡದೆ ಹೋಗಿದ್ದರೆ ನಮ್ಮ ತಿಳಿವಳಿಕೆ ಇನ್ನೆಷ್ಟು ಕಿರಿದಾಗುತ್ತಿತ್ತು ಎಂಬುದನ್ನೂ ಅವರು ಜೊತೆಯಲ್ಲಿಯೇ ಹೇಳಬೇಕು.